ಕಮತಾರಿ ಫುಜಿವಾರ: ಹೆದರಿದ ಮನುಷ್ಯನ ಪಾತ್ರಗಳಲ್ಲೇ ಕಳೆದುಹೋದರಾ?

ಸಬ್‌ಟೈಟಲ್ ಸೀನ

ಜಪಾನಿನ ನಿರ್ದೇಶಕ ಅಕಿರಾ ಕುರೊಸಾವಾ ಸಿನಿಮಾ ಬಗ್ಗೆ ಇಲ್ಲಿ ಮಾತು ಶುರುವಾದರೆ ಅದು ಅವರ ಹೀರೊ ತೊಶಿರೊ ಮಿಫುನೆ ಹತ್ತಿರ ಹೋಗಿ ನಿಲ್ಲುತ್ತದೆ. ಜಾಸ್ತಿ ಅಂದರೆ ಇನ್ನೊಬ್ಬ ನಟ ತಕಾಶಿ ಶಿಮುರಾ. ಇವತ್ತು ಕಮತಾರಿ ಫುಜಿವಾರ ಬಗ್ಗೆ ಮಾತಾಡೋಣ. ಹೆಸರು ಕೇಳಿಲ್ಲದಿದ್ದರೂ ಮುಖ ನೋಡಿರುತ್ತೀರಿ. ‘ಸೆವೆನ್ ಸಮುರಾಯ್’ನಲ್ಲಿ (1954) ಮಗಳ ಕೂದಲು ಕತ್ತರಿಸುವ ರೈತ ಮಾಂಜೊ ಇದ್ದಾನಲ್ಲ, ಆ ಪಾತ್ರ ಮಾಡಿದವರು.

ಆ ಸೀನು ನೆನಪು ಮಾಡಿಕೊಳ್ಳಿ. ಸಮುರಾಯ್‌ಗಳು ಇನ್ನೂ ಊರಿಗೆ ಕಾಲಿಟ್ಟಿಲ್ಲ. ಮಗಳು ಶಿನೊ ತಲೆ ತೊಳೆದುಕೊಳ್ಳುತ್ತಿದ್ದಾಳೆ. ಅಪ್ಪ ಅವಳನ್ನು ನೋಡುತ್ತಾನೆ, ಅಷ್ಟೇ, ಬಾಯಿ ಬಿಡುವ ಮೊದಲೇ ಅವನ ತಲೆಯಲ್ಲಿ ಲೆಕ್ಕ ಮುಗಿದಿರುತ್ತದೆ: ಕತ್ತಿ ಹಿಡಿದ ಗಂಡಸರು ಬರುತ್ತಿದ್ದಾರೆ, ಮನೆಯಲ್ಲಿ ವಯಸ್ಸಿಗೆ ಬಂದ ಹುಡುಗಿ ಇದ್ದಾಳೆ. ಕೂದಲು ಕತ್ತರಿಸಿ ಹುಡುಗನ ಥರ ಮಾಡಿಬಿಡಬೇಕು ಅಂತ ಅವಳನ್ನು ಅಟ್ಟಿಸಿಕೊಂಡು ಹೋಗುತ್ತಾನೆ. ಮಗಳನ್ನು ಕಾಪಾಡಲಿಕ್ಕೇ ಮಾಡುತ್ತಿದ್ದಾನೆ, ಆದರೂ ನಮಗೆ ಅವನ ಮೇಲೆ ಸಿಟ್ಟೇ ಬರುತ್ತದೆ. ಅವನ ಹೆದರಿಕೆ ಇಡೀ ಊರಿಗೆ ಹಬ್ಬಿ, ಸಮುರಾಯ್‌ಗಳು ಬಂದು ನಿಂತಾಗ ಬೀದಿಯಲ್ಲಿ ಒಂದು ನರಪಿಳ್ಳೆಯೂ ಇರುವುದಿಲ್ಲ.

ನನ್ನ ವಾದ ಇಷ್ಟು. ಹೆದರುವ ಪಾತ್ರ ಎಷ್ಟೋ ಜನ ಮಾಡಿದ್ದಾರೆ, ಕೊನೆಗೆ ಹೇಗೋ ನಮ್ಮಿಂದ ‘ಅಯ್ಯೋ ಪಾಪ’ ಅನ್ನಿಸಿಕೊಂಡುಬಿಡುತ್ತಾರೆ. ಫುಜಿವಾರಗೆ ಆ ಪಾಪ ಬೇಕಾಗಿಲ್ಲ. ಅವರ ಪಾತ್ರಗಳು ಹೆದರಿದಾಗ ತಮಗಿಂತ ಕೆಳಗಿರುವವರ ಮೇಲೆ ಕೈ ಎತ್ತುತ್ತವೆ, ಇಲ್ಲಾ ಸುಳ್ಳು ಹೇಳುತ್ತವೆ, ಇಲ್ಲಾ ಜೊತೆಗಿದ್ದವನನ್ನು ಬಿಟ್ಟು ಓಡುತ್ತವೆ. ಇದನ್ನು ಒಂದೆರಡು ಸಿನಿಮಾದಲ್ಲಲ್ಲ, ಮೂವತ್ತು ವರ್ಷ ಮಾಡಿದ್ದಾರೆ. ಏನಂತೀರಿ?

ನೈಟ್ ಶಿಫ್ಟ್

ಓ ಇವರಾ! ‘ಹಿಡನ್ ಫೋರ್ಟ್ರೆಸ್’ನಲ್ಲಿ ಯಾವಾಗಲೂ ಕಚ್ಚಾಡುವ ಇಬ್ಬರಲ್ಲಿ ಒಬ್ಬರು ಅಲ್ವಾ? ಜಾರ್ಜ್ ಲ್ಯೂಕಾಸ್ ಅವರಿಬ್ಬರನ್ನು ನೋಡಿಯೇ ‘ಸ್ಟಾರ್ ವಾರ್ಸ್’ನ ಎರಡು ರೋಬೋಗಳನ್ನು ಮಾಡಿದ್ದು. ಉದ್ದ ಇರುವವರು ಇವರಾ, ಕುಳ್ಳಗಿರುವವರು ಇವರಾ?

ಸಬ್‌ಟೈಟಲ್ ಸೀನ

@ನೈಟ್ ಶಿಫ್ಟ್ ಇವರು ಮಾತಾಶಿಚಿ, ವಯಸ್ಸಾದಂತೆ ಕಾಣುವ ಸಣಕಲು ಆಸಾಮಿ. ಇನ್ನೊಬ್ಬ ತಾಹೇಯಿ, ಅದು ಮಿನೊರು ಚಿಯಾಕಿ. 1958ರ ಸಿನಿಮಾ, ಫುಜಿವಾರಗೆ ಆಗ 53 ವರ್ಷ. ಆ ವಯಸ್ಸಲ್ಲಿ ಜಾರುವ ಕಲ್ಲಿನ ಇಳಿಜಾರನ್ನು ಹತ್ತುವುದು, ಉರುಳಿ ಕೆಳಗೆ ಬರುವುದು, ಮತ್ತೆ ಹತ್ತುವುದು. ಹ್ಯೋಗೊ ಪ್ರಾಂತ್ಯದ ಹೊರಾಯ್ ಕಣಿವೆಯಲ್ಲಿ ಶೂಟ್ ಆದ ಜಾಗ ಅದು, ಮರಗಿಡ ಇಲ್ಲದೆ ಬೋಳು ಬಂಡೆಗಳೇ. ಸ್ಟಾರ್ ವಾರ್ಸ್ ಮಾತು ಸರಿ, ಆದರೆ ಅಲ್ಲಿಗೇ ನಿಲ್ಲಿಸಬೇಡಿ. ಆ ರೋಬೋಗಳು ಮುದ್ದಾಗಿವೆ. ಈ ಇಬ್ಬರು ಮುದ್ದಲ್ಲ. ಸೌದೆಯೊಳಗೆ ಬಚ್ಚಿಟ್ಟ ಚಿನ್ನ ಕಂಡ ತಕ್ಷಣ ಸ್ನೇಹ ಗೀಹ ಎಲ್ಲಾ ಮರೆತುಹೋಗುತ್ತದೆ. ಲ್ಯೂಕಾಸ್ ತೆಗೆದುಕೊಂಡಿದ್ದು ಕಥೆಯನ್ನು ಅತಿ ಸಣ್ಣ ಪಾತ್ರಗಳ ಕಣ್ಣಿಂದ ಹೇಳುವ ದಾರಿಯನ್ನು. ಇವರ ದುರಾಸೆಯನ್ನು ಅಲ್ಲೇ ಬಿಟ್ಟರು.

ಹಳೇ ರೀಲು

ಸೀನ ಅವರೇ, ವಿಷಯ ಚೆನ್ನಾಗಿದೆ, ಆದರೆ ನೀವು ಶುರು ಮಾಡಿದ ಜಾಗವೇ ನನ್ನ ತಕರಾರು. 1954ರಿಂದ ಯಾಕೆ ಶುರು? ಆ ಹೊತ್ತಿಗೆ ಅವರು ಕ್ಯಾಮೆರಾ ಮುಂದೆ ನಿಂತು ಇಪ್ಪತ್ತು ವರ್ಷ ದಾಟಿತ್ತು.

ಹುಟ್ಟಿದ್ದು 1905, ಟೋಕಿಯೊ. ಬೆಳೆದಿದ್ದು ಅದೇ ಊರಿನ ಅಸಾಕುಸಾ ಬಡಾವಣೆಯ ರಂಗದ ಮೇಲೆ. ಆಗಿನ ಅಸಾಕುಸಾ ಅಂದರೆ ಹಾಡು, ಕುಣಿತ, ನಗೆಯಾಟ, ಅರ್ಧ ಯುರೋಪು ಅರ್ಧ ಟೋಕಿಯೊ. 1929ರಲ್ಲಿ ಅಲ್ಲಿನ ಅಕ್ವೇರಿಯಂ ಕಟ್ಟಡದಲ್ಲಿ ಶುರುವಾದ ಕಸಿನೊ ಫೋಲಿ ಅನ್ನುವ ಕಂಪನಿಯಲ್ಲಿ ಇವರೂ ಇದ್ದರು. ಎನೊಕೆನ್ ಅನ್ನುವ ದೊಡ್ಡ ಕಾಮಿಡಿಯನ್ ಮೇಲೆ ಬಂದಿದ್ದೂ ಅಲ್ಲಿಂದಲೇ. 1933ರಲ್ಲಿ ಪಿ.ಸಿ.ಎಲ್. ಅನ್ನುವ ಹೊಸ ಸ್ಟುಡಿಯೊ ಟಾಕಿ ತೆಗೆಯಲು ಹೊರಟಾಗ ಮಾತು ಬಲ್ಲ, ಹಾಡು ಬಲ್ಲ, ಟೈಮಿಂಗ್ ಬಲ್ಲ ನಟರು ಬೇಕಿತ್ತು. ಫುಜಿವಾರ ಅಲ್ಲಿಗೆ ಹೋದರು. ಆ ಸ್ಟುಡಿಯೊನೇ 1937ರಲ್ಲಿ ತೊಹೊ ಆಗಿದ್ದು.

ಅಂದರೆ ಇವರು ಸೈಡಲ್ಲಿ ನಿಲ್ಲಲು ಬಂದವರಲ್ಲ. ನಿರ್ದೇಶಕ ಮಿಕಿಯೊ ನರುಸೆಯ ‘ವೈಫ್! ಬಿ ಲೈಕ್ ಎ ರೋಸ್!’ (1935) ನೋಡಿದ್ದೀರಾ? ಆ ವರ್ಷ ಕಿನೆಮಾ ಜುಂಪೊ ಪತ್ರಿಕೆ ಮೊದಲ ಸ್ಥಾನ ಕೊಟ್ಟ ಸಿನಿಮಾ, 1937ರಲ್ಲಿ ನ್ಯೂಯಾರ್ಕ್‌ನಲ್ಲಿ ‘ಕಿಮಿಕೊ’ ಅನ್ನುವ ಹೆಸರಲ್ಲಿ ಬಿಡುಗಡೆಯಾಯಿತು. ಅದರಲ್ಲಿ ಇವರು ಹಾಡಿನ ಹುಚ್ಚು ಹಿಡಿದ ಮಾವ. ಗಿದಾಯು ಅನ್ನುವ ಸಾಂಪ್ರದಾಯಿಕ ಕಥಾಗಾಯನವನ್ನು ಮನೆಯಲ್ಲೇ ಅಭ್ಯಾಸ ಮಾಡುತ್ತಾರೆ, ಕೇಳುವವರ ಕಿವಿ ಕೆಟ್ಟುಹೋಗುತ್ತದೆ.

ಆಮೇಲೆ ನರುಸೆಯದೇ ‘ಟ್ರಾವೆಲಿಂಗ್ ಆಕ್ಟರ್ಸ್’ (1940). ಇದರಲ್ಲಿ ಇವರೇ ಹೀರೊ. ಪಾತ್ರ ಏನು ಗೊತ್ತಾ? ಊರೂರು ತಿರುಗುವ ಕಬುಕಿ ನಾಟಕದ ಮೇಳದಲ್ಲಿ ಕುದುರೆಯ ಮುಂಗಾಲು! ಹಿಂಗಾಲು ಇನ್ನೊಬ್ಬ. ಹ್ಯೊರೊಕು ಅಂತ ಪಾತ್ರದ ಹೆಸರು. ಆ ಮನುಷ್ಯನಿಗೆ ತನ್ನ ಕಲೆ ಬಗ್ಗೆ ಇರುವ ಗರ್ವ ನೋಡಬೇಕು. ಕುಡಿಯುವ ಅಂಗಡಿಯ ಹುಡುಗಿಯರ ಮುಂದೆ ಕುದುರೆ ಹೇಗೆ ಕೆನೆಯುತ್ತದೆ ಅಂತ ಮಾಡಿ ತೋರಿಸುತ್ತಾನೆ, ಒಂಚೂರೂ ನಗುವುದಿಲ್ಲ, ಪಾಠ ಹೇಳುವ ಮೇಷ್ಟ್ರ ಗಾಂಭೀರ್ಯ. ಒಬ್ಬ ಕ್ಷೌರಿಕ ಕುಡಿದ ಮತ್ತಿನಲ್ಲಿ ಕುದುರೆಯ ತಲೆಯನ್ನು ಅಪ್ಪಚ್ಚಿ ಮಾಡುತ್ತಾನೆ. ರಿಪೇರಿ ಮಾಡಿ ತಂದದ್ದು ನರಿಯ ಹಾಗೆ ಕಾಣುತ್ತದೆ. ಇಂಥದ್ದನ್ನು ಹಾಕಿಕೊಂಡು ನಾನು ಸ್ಟೇಜ್ ಹತ್ತಲ್ಲ ಅಂತ ಇವನು ಹಟ ಹಿಡಿಯುತ್ತಾನೆ. ಮೇಳದವರು ನಿಜವಾದ ಕುದುರೆಯನ್ನೇ ತಂದು ನಿಲ್ಲಿಸುತ್ತಾರೆ, ಜನ ಚಪ್ಪಾಳೆ ಹೊಡೆಯುತ್ತಾರೆ. ಕೆಲಸ ಹೋಯ್ತು. ಕೊನೆಗೆ ಇಬ್ಬರೂ ಕುದುರೆ ವೇಷದೊಳಗೆ ಹೊಕ್ಕು ಆ ನಿಜವಾದ ಕುದುರೆಯನ್ನು ಬೀದಿಯಲ್ಲಿ ಅಟ್ಟಿಸಿಕೊಂಡು ಹೋಗುತ್ತಾರೆ.

ಇಷ್ಟು ಮಾಡಬಲ್ಲ ನಟನನ್ನು ಕುರೊಸಾವಾ ಹೆದರುಪುಕ್ಕಲ ಪಾತ್ರಕ್ಕೆ ಕಟ್ಟಿಹಾಕಿದರು. ಮೊದಲಿದ್ದ ಹಗುರ, ಆ ಹಾಡುಗಾರಿಕೆ, ಆ ಪೊಗರು ಎಲ್ಲಾ ಎಲ್ಲಿ ಹೋಯ್ತು?

ಮೂರನೇ ಬೆಂಚು

ಕುದುರೆ ಕಾಲಿನ ಸಿನಿಮಾ ಈಗಲೇ ನೋಡಬೇಕು ಅನ್ನಿಸ್ತಿದೆ. ಎಷ್ಟು ಉದ್ದ?

ಹಳೇ ರೀಲು

ಒಂದು ಗಂಟೆ ಹತ್ತು ನಿಮಿಷ ಅಷ್ಟೇ. ಊಟ ಮಾಡುತ್ತಾ ನೋಡಬೇಡಿ, ಕೂತು ನೋಡಿ.

ಕಡಲತೀರದವಳು

@ಹಳೇ ರೀಲು ಮಾರಾಯ್ರೇ, ‘ಕಟ್ಟಿಹಾಕಿದರು’ ಅನ್ನುವುದು ಸ್ವಲ್ಪ ಜಾಸ್ತಿ ಆಯ್ತು. ಹೀರೊ ಆಗಿದ್ದವನು ಪೋಷಕ ನಟ ಆದರೆ ಇಳಿದುಹೋದ ಅಂತಲೇ ಯಾಕೆ ಲೆಕ್ಕ? ‘ರೆಡ್ ಬಿಯರ್ಡ್’ (1965) ತೆಗೆದುಕೊಳ್ಳಿ. ಫುಜಿವಾರ ಅದರಲ್ಲಿ ರೊಕುಸುಕೆ, ಬಡವರ ಆಸ್ಪತ್ರೆಯಲ್ಲಿ ಕ್ಯಾನ್ಸರ್‌ನಿಂದ ಸಾಯುತ್ತಿರುವ ಮುದುಕ, ಮೊದಲು ಅರಗಿನ ಮೇಲೆ ಚಿನ್ನದ ಚಿತ್ತಾರ ಬಿಡಿಸುತ್ತಿದ್ದ ಕುಶಲಕರ್ಮಿ. ಒಂದು ಮಾತೂ ಇಲ್ಲ. ಹೊಸದಾಗಿ ಬಂದ ಚಿಕ್ಕ ಡಾಕ್ಟರ್‌ನನ್ನು (ಯುಜೊ ಕಯಾಮಾ) ದೊಡ್ಡ ಡಾಕ್ಟರ್ ಅಲ್ಲಿ ಕೂರಿಸಿ, ಇವನ ಕೊನೆಯ ಕ್ಷಣ ನೋಡು ಅಂತ ಹೇಳಿ ಹೋಗುತ್ತಾರೆ.

ನೀವು ಆ ಬಾಯಿಯನ್ನು ನೋಡಿ. ತೆರೆದೇ ಇರುತ್ತದೆ. ಉಸಿರು ಒಳಗೆ ಹೋಗುವಾಗ ಕೆಳದವಡೆ ಒಂಚೂರು ಮೇಲೆ ಬರುತ್ತದೆ, ಹೊರಗೆ ಬರುವಾಗ ಜೋತುಬೀಳುತ್ತದೆ. ಇನ್ನೇನೂ ಮಾಡುವುದಿಲ್ಲ. ಅಷ್ಟರಲ್ಲೇ ಚಿಕ್ಕ ಡಾಕ್ಟರ್‌ಗೆ ಕೂತಲ್ಲಿ ಕೂರಲಾಗುವುದಿಲ್ಲ, ನಮಗೂ ಆಗುವುದಿಲ್ಲ. ನಾನು ಆಸ್ಪತ್ರೆಯಲ್ಲಿ ಕೆಲಸ ಮಾಡುವವಳು, ಆ ಉಸಿರು ನನಗೆ ಗೊತ್ತು. ಎಷ್ಟೋ ಸಿನಿಮಾದಲ್ಲಿ ಸಾಯುವವರು ಕೊನೆಗೊಂದು ಒಳ್ಳೆ ಮಾತು ಹೇಳಿ ಕಣ್ಣು ಮುಚ್ಚುತ್ತಾರೆ, ಹಾಗೆ ಯಾರೂ ಸಾಯುವುದಿಲ್ಲ. ಇವರು ಮಾಡಿದ್ದು ನಿಜ. ಆ ಸೀನಿನಲ್ಲಿ ಕಥೆ ನಡೆಯುವುದು ಕಯಾಮಾ ಮುಖದ ಮೇಲೆ, ಆದರೆ ಅದನ್ನು ನಡೆಸುತ್ತಿರುವುದು ಮಲಗಿರುವವರು. ಪೋಷಕ ನಟ ಅಂದರೆ ಇದಲ್ಲವಾ ಕೆಲಸ?

ಸಬ್‌ಟೈಟಲ್ ಸೀನ

ಮೇಡಂ, ಈ ಸೀನು ನಾನು ಮೊದಲ ಪೋಸ್ಟ್‌ನಲ್ಲೇ ಬರೆಯಬೇಕಿತ್ತು.

@ಹಳೇ ರೀಲು ಸಾರ್, ಪೊಗರು ಎಲ್ಲೂ ಹೋಗಿಲ್ಲ, ಕುರೊಸಾವಾ ಅದನ್ನು ಹಿಂಡಿ ಕಹಿ ಮಾಡಿಟ್ಟರು. ‘ಲೋವರ್ ಡೆಪ್ತ್ಸ್’ (1957) ನೋಡಿ. ಗೋರ್ಕಿ ನಾಟಕವನ್ನು ಹಳೆಯ ಎದೊ ನಗರದ (ಈಗಿನ ಟೋಕಿಯೊ) ಕೊಳಕು ಮನೆಯೊಂದಕ್ಕೆ ತಂದಿದ್ದಾರೆ. ಅಲ್ಲಿ ಫುಜಿವಾರ ಒಬ್ಬ ಹಾಳಾದ ನಟ. ಕುಡಿತದಿಂದ ಒಳಗಿನ ಅಂಗಾಂಗ ಎಲ್ಲಾ ವಿಷವಾಗಿದೆ ಅಂತ ಹೇಳಿಕೊಳ್ಳುತ್ತಾನೆ, ಅದನ್ನೂ ಸ್ಟೇಜ್ ಮೇಲಿನ ಡೈಲಾಗ್ ಹೇಳುವ ಠೀವಿಯಲ್ಲೇ ಹೇಳುತ್ತಾನೆ. ನಿಮ್ಮ ಕುದುರೆ ಮುಂಗಾಲಿನವನೇ ಹದಿನೇಳು ವರ್ಷ ಕುಡಿದರೆ ಹೀಗಾಗುತ್ತಾನೆ. ಒಬ್ಬ ಯಾತ್ರಿಕ ಮುದುಕ (ಬೊಕುಜೆನ್ ಹಿದಾರಿ) ಬಂದು, ಕುಡುಕರನ್ನು ಬಿಟ್ಟಿಯಾಗಿ ಗುಣ ಮಾಡುವ ದೇವಸ್ಥಾನ ಇದೆ ಅಂತ ಆಸೆ ಹುಟ್ಟಿಸುತ್ತಾನೆ. ಕೊನೆಯಲ್ಲಿ ಎಲ್ಲರೂ ಕುಡಿದು, ಬಾಯಲ್ಲೇ ತಾಳ ಹಾಕಿ ಕುಣಿಯುತ್ತಿರುವಾಗ ನಟ ನೇಣು ಹಾಕಿಕೊಂಡ ಅಂತ ಸುದ್ದಿ ಬರುತ್ತದೆ. ಜೂಜುಕೋರ ಏನಂತಾನೆ? ಮಜಾ ಹಾಳು ಮಾಡಿದ, ಮೂರ್ಖ. ಮುಗಿಯಿತು ಸಿನಿಮಾ.

ಆ ಸಿನಿಮಾಗೆ ವಾರಗಟ್ಟಲೆ ರಿಹರ್ಸಲ್ ಆಗಿತ್ತು, ಸೆಟ್‌ನಲ್ಲೇ, ವೇಷ ಹಾಕಿಕೊಂಡೇ. ಎದೊ ಕಾಲದ ಬಡವರ ಮಾತಿನ ಧಾಟಿ ಕಿವಿಗೆ ಬೀಳಲಿ ಅಂತ ಶಿನ್ಶೊ ಅನ್ನುವ ಹೆಸರಾಂತ ರಕುಗೊ (ಒಬ್ಬರೇ ಕೂತು ಹೇಳುವ ನಗೆಕಥೆ) ಕಥೆಗಾರರನ್ನು ಕರೆಸಿ ನಟರಿಗೆಲ್ಲಾ ಕಥೆ ಹೇಳಿಸಿದ್ದರು.

ಹಳೇ ರೀಲು

ಒಪ್ಪಿದೆ, ‘ಲೋವರ್ ಡೆಪ್ತ್ಸ್’ನಲ್ಲಿ ಹಳೆಯ ಫುಜಿವಾರ ಇದ್ದಾರೆ. ಆದರೂ ಲೆಕ್ಕ ಹಾಕಿ. ‘ಯೊಜಿಂಬೊ’ (1961): ರೇಷ್ಮೆ ವ್ಯಾಪಾರಿ ತಝಾಯೆಮೊನ್, ಊರಿನ ಯಜಮಾನ, ಒಬ್ಬ ಗೂಂಡಾನ ಅಂಕೆಯಲ್ಲಿ ಇರುವವನು. ‘ಸಾಂಜುರೊ’ (1962): ಮೂವರು ಭ್ರಷ್ಟರಲ್ಲಿ ಅತಿ ಪುಕ್ಕಲು ಯಾರೋ ಅದು ಇವರು. ‘ಇಕಿರು’ (1952): ಸತ್ತ ಸಾಹೇಬರ ತಿಥಿಯಲ್ಲಿ ಕುಡಿದು ಕಣ್ಣೀರು ಹಾಕಿ, ನಾವೂ ಅವರ ಹಾಗೆ ದುಡಿಯೋಣ ಅಂತ ಎಲ್ಲರೂ ಆಣೆ ಮಾಡುತ್ತಾರಲ್ಲ, ಆಮೇಲೆ ಅದೇ ಕುರ್ಚಿಯಲ್ಲಿ ಕೂತು, ಚರಂಡಿ ದೂರು ತಂದವರನ್ನು ಬೇರೆ ಇಲಾಖೆಗೆ ಸಾಗಹಾಕುವ ಹೊಸ ಸಾಹೇಬ ಒನೊ, ಅದೂ ಇವರೇ. ಒಂದೇ ಅಚ್ಚು ಅಲ್ವಾ?

ನೈಟ್ ಶಿಫ್ಟ್

ಒನೊ ಇವರಾ! ಅಯ್ಯಪ್ಪಾ, ಆ ಮನುಷ್ಯನ ಮೇಲೆ ಬಂದ ಸಿಟ್ಟು ಇನ್ನೂ ಇಳಿದಿಲ್ಲ. ಇಡೀ ಸಿನಿಮಾದಲ್ಲಿ ನನಗೆ ಅತಿ ಹೆಚ್ಚು ಗುರುತು ಸಿಕ್ಕಿದ್ದೇ ಅವನದ್ದು. ನಮ್ಮ ಆಫೀಸಲ್ಲಿ ನಾಲ್ಕು ಜನ ಇದ್ದಾರೆ.

ಸಬ್‌ಟೈಟಲ್ ಸೀನ

ನೋಡಿ, ಒನೊ ಕೆಟ್ಟವನ ಹಾಗೆ ನಟಿಸಿದ್ದರೆ ಆ ಸೀನು ಬಿದ್ದುಹೋಗುತ್ತಿತ್ತು. ಮುಖದಲ್ಲಿ ದ್ವೇಷ ಇಲ್ಲ, ನಾಚಿಕೆಯೂ ಇಲ್ಲ. ತಿಥಿ ಮನೆಯಲ್ಲಿ ಅತ್ತಿದ್ದೂ ನಿಜ, ಇವತ್ತು ಸಾಗಹಾಕುತ್ತಿರುವುದೂ ನಿಜ. ಎರಡನ್ನೂ ಒಂದೇ ಮನುಷ್ಯ ಮಾಡುತ್ತಾನೆ ಅಂತ ನಂಬಿಸಬೇಕು. ಮಿಫುನೆಯಿಂದ ಇದು ಆಗುತ್ತಿರಲಿಲ್ಲ ಅಂತಲೇ ನನ್ನ ಅಭಿಪ್ರಾಯ, ಬೈದರೆ ಬೈಯಿರಿ.

ಒಂದೇ ಅಚ್ಚು ಅಂದಿರಿ. ‘ಯೊಜಿಂಬೊ’ ಕೊನೆ ನೋಡಿ. ಅದುವರೆಗೆ ತಲೆಬಾಗಿಕೊಂಡಿದ್ದ ಆ ರೇಷ್ಮೆ ವ್ಯಾಪಾರಿಗೆ ಬುದ್ಧಿ ಕೆಡುತ್ತದೆ, ಪೂಜೆಯ ಡಮರು ಬಡಿಯುತ್ತಾ ಬರುತ್ತಾನೆ, ತನ್ನ ಎದುರಾಳಿ ಸಾಕೆ ಅನ್ನುವ ಅಕ್ಕಿ ಮದ್ಯದ ವ್ಯಾಪಾರಿಯನ್ನು (ಶಿಮುರಾ!) ಇರಿದು ಹಾಕುತ್ತಾನೆ. ಊರೆಲ್ಲಾ ಹೆಣ ಬಿದ್ದಿದೆ, ಹೀರೊ ಕೆಲಸ ಮುಗಿಸಿದ್ದಾನೆ, ಆದರೆ ಕೊನೆಯ ಕೊಲೆ ಮಾಡುವವನು ಊರಿನ ಪುಕ್ಕಲ. ಹೆದರಿಕೆ ಒಳಗೇ ಕೊಳೆತರೆ ಹೀಗಾಗುತ್ತದೆ. ಇದು ಅಚ್ಚಲ್ಲ ಸಾರ್, ಒಂದೇ ವಿಷಯವನ್ನು ಬೇರೆ ಬೇರೆ ಕಡೆಯಿಂದ ಅಗೆಯುವುದು.

ಕಡಲತೀರದವಳು

ಯಾರೂ ‘ದಿ ಬ್ಯಾಡ್ ಸ್ಲೀಪ್ ವೆಲ್’ (1960) ಹೇಳಲಿಲ್ಲವಲ್ಲ. ಸರ್ಕಾರಿ ನಿಗಮವೊಂದರ ಲಂಚದ ಕಥೆ. ಫುಜಿವಾರ ಅದರಲ್ಲಿ ವಾದಾ ಅನ್ನುವ ಗುಮಾಸ್ತ. ಮೇಲಿನವರನ್ನು ಉಳಿಸಲು ಜ್ವಾಲಾಮುಖಿಗೆ ಹಾರಿ ಸಾಯಲು ಹೋಗುತ್ತಾನೆ, ಮಿಫುನೆ ತಡೆಯುತ್ತಾನೆ, ಊರಿಗೆಲ್ಲಾ ಅವನು ಸತ್ತ ಅಂತಲೇ ಸುದ್ದಿ. ಆಮೇಲೆ ತನ್ನದೇ ಶವಸಂಸ್ಕಾರವನ್ನು ದೂರದಲ್ಲಿ ಕಾರಲ್ಲಿ ಕೂತು ನೋಡುತ್ತಾನೆ. ಅಲ್ಲಿ ಹೆಂಡತಿ, ಮಗಳು ಅಳುತ್ತಿದ್ದಾರೆ, ಮೇಲಧಿಕಾರಿಗಳು ಬಂದು ಫೋಟೊಗೆ ತಲೆಬಾಗುತ್ತಿದ್ದಾರೆ. ಕಾರಿನೊಳಗೆ ಮಿಫುನೆ ಟೇಪ್ ರೆಕಾರ್ಡರ್ ಒತ್ತುತ್ತಾನೆ: ಅದೇ ಅಧಿಕಾರಿಗಳು ನೈಟ್ ಕ್ಲಬ್‌ನಲ್ಲಿ ಇವನು ಸತ್ತಿದ್ದು ಒಳ್ಳೆಯದಾಯಿತು ಅಂತ ಮಾತಾಡಿಕೊಳ್ಳುತ್ತಿರುವ ದನಿ, ಹಿಂದೆ ಡಾನ್ಸ್ ಮ್ಯೂಸಿಕ್ಕು. ವಾದಾಗೆ ಏನು ಮಾಡಬೇಕು ತಿಳಿಯುವುದಿಲ್ಲ. ಇಷ್ಟಾದ ಮೇಲೂ ಅವನು ಸಿಡಿದೇಳುವುದಿಲ್ಲ. ಬಗ್ಗಿ ಬಗ್ಗಿ ಅಭ್ಯಾಸ ಆಗಿಬಿಟ್ಟ ಬೆನ್ನು, ನೆಟ್ಟಗಾಗುವುದೇ ಇಲ್ಲ.

ಇನ್ನೊಂದು ಗಮನಿಸಿದ್ದೀರಾ? ಕುರೊಸಾವಾ ಇವರನ್ನು ಮೂರು ಸಲ ಆತ್ಮಹತ್ಯೆಗೆ ಕಳಿಸಿದ್ದಾರೆ. ‘ಲೋವರ್ ಡೆಪ್ತ್ಸ್’ನಲ್ಲಿ ಸತ್ತರು. ಇಲ್ಲಿ ತಡೆಯಲ್ಪಟ್ಟರು. ಮೂರನೆಯದು ‘ದೊದೆಸ್ಕಾದೆನ್’ (1970). ಅದು ಬಹಳ ಚಿಕ್ಕ ಪಾತ್ರ, ಹೆಸರೂ ಇಲ್ಲ. ಬದುಕಿ ಸಾಕಾಯ್ತು ಅಂತ ಒಬ್ಬ ಮುದುಕ ತಂಬಾ ಅನ್ನುವ ಹಿರಿಯರ ಬಳಿ ಬರುತ್ತಾನೆ. ತಂಬಾ ಒಂದು ಪುಡಿ ಕೊಡುತ್ತಾರೆ, ನುಂಗಿಬಿಡುತ್ತಾನೆ. ಆಮೇಲೆ ಮಾತಿಗೆ ಮಾತು ಬೆಳೆದು, ತೀರಿಹೋದ ತನ್ನವರು ತನ್ನ ನೆನಪಿನಲ್ಲಾದರೂ ಇದ್ದಾರೆ, ತಾನು ಹೋದರೆ ಅವರೂ ಹೋದಂತೆ ಅಂತ ಹೊಳೆಯುತ್ತದೆ. ತಕ್ಷಣ ಪರದಾಟ! ವಿಷ ತೆಗೆಯುವ ಮದ್ದು ಕೊಡಿ, ಬೇಗ ಕೊಡಿ! ಅದು ವಿಷವೇ ಅಲ್ಲ, ಹೊಟ್ಟೆಗೆ ತೆಗೆದುಕೊಳ್ಳುವ ಮಾಮೂಲಿ ಔಷಧಿ. ಹಳೇ ರೀಲು ಅವರು ಕೇಳಿದ ಹಗುರ ಇಲ್ಲಿದೆ ನೋಡಿ, ಅಸಾಕುಸಾದ ಟೈಮಿಂಗ್ ಪೂರ್ತಿ ಇದೆ.

ಹಳೇ ರೀಲು

ಮೂರು ಸಲ ಅನ್ನುವುದು ನನಗೆ ಹೊಳೆದೇ ಇರಲಿಲ್ಲ. ಸರಿ, ‘ದೊದೆಸ್ಕಾದೆನ್’ ಮತ್ತೆ ನೋಡುತ್ತೇನೆ. ಆದರೆ ನನ್ನ ಮೂಲ ಮಾತು ಬಿಡಲ್ಲ: ಆ ಕಾಮಿಡಿಯನ್ ಕಾಣಬೇಕಾದರೆ ಯುದ್ಧಕ್ಕೆ ಮುಂಚಿನ ಸಿನಿಮಾಗಳಿಗೇ ಹೋಗಬೇಕು.

ಯುದ್ಧ ಅಂದಾಗ ನೆನಪಾಯ್ತು. ಇವರ ಹೆಸರಿನ ಗಲಾಟೆ ಗೊತ್ತಾ? ಜಪಾನಿನ ಇತಿಹಾಸದಲ್ಲಿ 7ನೇ ಶತಮಾನದಲ್ಲಿ ಫುಜಿವಾರ ನೊ ಕಮತಾರಿ ಅಂತ ದೊಡ್ಡ ರಾಜಕಾರಣಿ, ಫುಜಿವಾರ ವಂಶದ ಮೂಲಪುರುಷ. ಈ ನಟ ಬರೆಯುವ ಅಕ್ಷರ ಬೇರೆ, ಆದರೆ ಕೇಳಲು ಅದೇ ಹೆಸರು. 1940ರ ಹೊತ್ತಿಗೆ ಅಧಿಕಾರಿಗಳಿಗೆ ಇದು ಹಿಡಿಸಲಿಲ್ಲ, ಅಂಥ ಮಹಾಪುರುಷನ ಹೆಸರನ್ನು ಒಬ್ಬ ಕೋಡಂಗಿ ಇಟ್ಟುಕೊಳ್ಳುವುದೇ ಅಂತ. ಯುದ್ಧ ಮುಗಿಯುವವರೆಗೆ ಕೇಯಿತಾ ಫುಜಿವಾರ ಅಂತ ಹೆಸರು ಹಾಕಿಕೊಂಡು ನಟಿಸಬೇಕಾಯಿತು. ಆಮೇಲೆ ಮತ್ತೆ ಹಳೆಯ ಹೆಸರಿಗೇ ಬಂದರು. ಮೇಲಿನವರಿಗೆ ತಲೆಬಾಗುವ ಗುಮಾಸ್ತನ ಪಾತ್ರಕ್ಕೆ ಹೊರಗಿನಿಂದ ತಯಾರಿ ಏನೂ ಬೇಕಿರಲಿಲ್ಲ ಅನ್ನಿಸುತ್ತದೆ.

ಮೂರನೇ ಬೆಂಚು

ಹೆಸರು ಬದಲಾಯಿಸಿ ಅಂದರಾ? ಅದೂ ಕಾಮಿಡಿ ಮಾಡುವವನಿಗೆ? ಇದನ್ನೇ ಸಿನಿಮಾ ಮಾಡಬಹುದು.

ಅಂದ ಹಾಗೆ ಸದಾಕೊ ಸವಾಮುರಾ ಇವರ ಹೆಂಡತಿ ಅಂತ ಎಲ್ಲೋ ಓದಿದ್ದೆ. ಅದೇ ನರುಸೆ, ಒಝು ಸಿನಿಮಾಗಳಲ್ಲಿ ಬರುವ ನಟಿಯಾ?

ಹಳೇ ರೀಲು

ಅವರೇ. 1936ರಲ್ಲಿ ಮದುವೆ, 1946ರಲ್ಲಿ ಬೇರೆಯಾದರು. ಆಕೆಯೂ ಪೋಷಕ ಪಾತ್ರಗಳ ರಾಣಿ. ಆಕೆಯ ತಮ್ಮ ಯಾರು ಗೊತ್ತಾ? ಡೈಸುಕೆ ಕಾಟೊ! ‘ಸೆವೆನ್ ಸಮುರಾಯ್’ನಲ್ಲಿ ನಾಯಕನ ಹಳೆಯ ಸಂಗಾತಿ ಶಿಚಿರೊಜಿ, ‘ಯೊಜಿಂಬೊ’ದಲ್ಲಿ ಹುಬ್ಬು ಕೂಡಿದ ದಡ್ಡ ರೌಡಿ. ಅಂದರೆ ಒಂದು ಕಾಲದ ಭಾವ, ಬಾಮೈದ ಇಬ್ಬರೂ ಅದೇ ಸಿನಿಮಾಗಳಲ್ಲಿ. ಕಾಟೊ ಕಥೆಗೆ ಬೇರೆ ಥ್ರೆಡ್ಡೇ ಬೇಕು. ಯುದ್ಧದಲ್ಲಿ ನ್ಯೂಗಿನಿಗೆ ಹೋಗಿದ್ದಾಗ ಹಸಿವು, ಮಲೇರಿಯಾ ನಡುವೆ ಸೈನಿಕರಿಗಾಗಿ ನಾಟಕ ತಂಡ ಕಟ್ಟಿದರು, ಸ್ಟೇಜ್ ಮೇಲೆ ಕಾಗದದ ಹಿಮ ಸುರಿಸಿದಾಗ ಚಳಿ ಸೀಮೆಯಿಂದ ಬಂದ ಸೈನಿಕರು ಅತ್ತುಬಿಟ್ಟರಂತೆ. ಅದನ್ನು ಪುಸ್ತಕ ಬರೆದರು, 1961ರಲ್ಲಿ ಸಿನಿಮಾನೂ ಆಯ್ತು.

ನೈಟ್ ಶಿಫ್ಟ್

ಒಂದು ಪೆದ್ದು ಪ್ರಶ್ನೆ. ಇಷ್ಟೊಂದು ಪೋಷಕ ನಟರು ಕುರೊಸಾವಾ ಸಿನಿಮಾದಲ್ಲಿ ಮಾತ್ರ ಯಾಕೆ ಇಷ್ಟು ನೆನಪಲ್ಲಿ ಉಳಿಯುತ್ತಾರೆ? ಬೇರೆ ಕಡೆ ಹೀರೊ ಹಿಂದೆ ನಿಂತವರು ಸುಮ್ನೆ ನಿಂತಿರುತ್ತಾರೆ.

ಸಬ್‌ಟೈಟಲ್ ಸೀನ

ಪೆದ್ದು ಪ್ರಶ್ನೆ ಅಲ್ಲವೇ ಅಲ್ಲ. ಒಂದು ಕಾರಣ ಸ್ಟುಡಿಯೊ ವ್ಯವಸ್ಥೆ. ನಟರು ತೊಹೊ ಜೊತೆ ಕರಾರಿನಲ್ಲಿ ಇರುತ್ತಿದ್ದರು, ಹಾಗಾಗಿ ಅದೇ ಜನ ವರ್ಷ ವರ್ಷ ಒಟ್ಟಿಗೆ ಕೆಲಸ ಮಾಡುತ್ತಿದ್ದರು. ಎರಡನೆಯದು ಕುರೊಸಾವಾ ಹಟ. ‘ಸೆವೆನ್ ಸಮುರಾಯ್’ಗೆ ಊರಿನ ಪ್ರತಿ ಮನೆಯಲ್ಲಿ ಯಾರು ಯಾರು ಇದ್ದಾರೆ ಅಂತ ಪಟ್ಟಿಯನ್ನೇ ಬರೆದಿಟ್ಟು, ಆ ನಟರೆಲ್ಲಾ ಸೆಟ್‌ನಲ್ಲಿ ಒಂದೊಂದು ಕುಟುಂಬವಾಗಿ ಇರಬೇಕು ಅಂದಿದ್ದರು. ಮೂರನೆಯದು ನನಗೆ ಮುಖ್ಯ ಅನ್ನಿಸುವುದು, ಕ್ಯಾಮೆರಾ. ಅದೇ ಸಿನಿಮಾದಿಂದ ಒಂದಕ್ಕಿಂತ ಹೆಚ್ಚು ಕ್ಯಾಮೆರಾ ಒಟ್ಟಿಗೆ ಓಡಿಸಲು ಶುರು ಮಾಡಿದರು, ದೂರದಿಂದ ಟೆಲಿಫೋಟೊ ಲೆನ್ಸ್ ಬೇರೆ. ಯಾವ ಕ್ಯಾಮೆರಾ ಯಾರ ಮುಖದ ಮೇಲಿದೆ ಅಂತ ನಟನಿಗೆ ತಿಳಿಯುವುದೇ ಇಲ್ಲ. ನನ್ನ ಡೈಲಾಗ್ ಮುಗೀತು, ಇನ್ನು ಆರಾಮ ಅನ್ನುವ ಹಾಗಿಲ್ಲ. ಈಗ ಮಾಂಜೊನನ್ನು ಮತ್ತೆ ನೋಡಿ, ಗುಂಪಿನ ಅಂಚಲ್ಲಿ ನಿಂತಾಗಲೂ ಅವನ ಕಣ್ಣು ಮಗಳು ಎಲ್ಲಿದ್ದಾಳೆ ಅಂತ ಹುಡುಕುತ್ತಿರುತ್ತದೆ.

ಕಡಲತೀರದವಳು

‘ಹೈ ಅಂಡ್ ಲೋ’ (1963) ಕೂಡ ಸೇರಿಸಿ. ಆಸ್ಪತ್ರೆಯ ಕುಲುಮೆಗೆ ಕಸ ಹಾಕಿ ಸುಡುವವ. ಎಲ್ಲೋ ಎರಡು ನಿಮಿಷ. ಅಪಹರಣದ ಹಣ ತುಂಬಿದ್ದ ಚೀಲ ಸುಟ್ಟು, ಕಪ್ಪು ಬಿಳುಪು ಸಿನಿಮಾದಲ್ಲಿ ಗುಲಾಬಿ ಹೊಗೆ ಎದ್ದಮೇಲೆ ಪೊಲೀಸರು ಹೋಗಿ ವಿಚಾರಿಸುವುದು ಇವರನ್ನೇ. ಅಲ್ಲಿ ಹೆದರಿಕೆಯೇ ಇಲ್ಲ. ತನ್ನ ಕೆಲಸ ತನಗೆ ಗೊತ್ತು ಅನ್ನುವ ಮನುಷ್ಯ, ಪೊಲೀಸರ ಮುಂದೆಯೂ ಒಂದಿಷ್ಟು ಗೊಣಗು. ನಾನು ಅದನ್ನು ನೋಡಿ ನಕ್ಕುಬಿಟ್ಟೆ.

ಮತ್ತೆ ಅಮೆರಿಕಾ ಸಿನಿಮಾ ಮರೆತಿರಿ. ಆರ್ಥರ್ ಪೆನ್ ಅವರ ‘ಮಿಕಿ ಒನ್’ (1965), ವಾರೆನ್ ಬೀಟಿ ಹೀರೊ, ಶಿಕಾಗೊದಲ್ಲಿ ತೆಗೆದದ್ದು. ಬೀಟಿ ಮಾಫಿಯಾಗೆ ಹೆದರಿ ತಲೆಮರೆಸಿಕೊಂಡ ಕಾಮಿಡಿಯನ್. ಫುಜಿವಾರ ಮಾತೇ ಆಡದ ಕಲಾವಿದ, ಗುಜರಿ ಸಾಮಾನು ಗುಡ್ಡೆಹಾಕಿ ದೊಡ್ಡ ಯಂತ್ರ ಮಾಡಿದ್ದಾನೆ, ಅದು ತನ್ನನ್ನು ತಾನೇ ನಾಶ ಮಾಡಿಕೊಳ್ಳುತ್ತದೆ. ಫೈರ್ ಬ್ರಿಗೇಡ್‌ನವರು ಬಂದು ನೊರೆ ಸುರಿಯುತ್ತಾರೆ. ತಮಾಷೆ ಏನಂದರೆ ಇಲ್ಲಿ ಹೀರೊ ಹೆದರಿದ್ದಾನೆ, ಫುಜಿವಾರ ಕೈಬೀಸಿ ಕರೆಯುತ್ತಿದ್ದಾರೆ, ನಗುತ್ತಿದ್ದಾರೆ. ‘ರೆಡ್ ಬಿಯರ್ಡ್’ ಬಂದ ವರ್ಷವೇ ಇದು. ಒಂದೇ ವರ್ಷ ಎರಡು ಮೂಕ ಪಾತ್ರ, ಒಂದಕ್ಕೊಂದು ಏನೇನೂ ಸಂಬಂಧ ಇಲ್ಲ.

ಹಳೇ ರೀಲು

‘ಮಿಕಿ ಒನ್’ ಸಿನಿಮಾ ನನಗೆ ಅಷ್ಟಕ್ಕಷ್ಟೆ, ಶೋಕಿ ಜಾಸ್ತಿ. ಆದರೆ ಇವರು ಬಂದಾಗ ಮಾತ್ರ ಉಸಿರಾಡುತ್ತದೆ, ನಿಜ.

ಮೂರನೇ ಬೆಂಚು

ಕೊನೆಯವರೆಗೂ ನಟಿಸಿದರಾ? ಯಾವುದರಿಂದ ಶುರು ಮಾಡಲಿ? ದಯವಿಟ್ಟು ಹತ್ತು ಹೇಳಬೇಡಿ.

ಸಬ್‌ಟೈಟಲ್ ಸೀನ

ಹೆಚ್ಚುಕಮ್ಮಿ. ‘ಕಗೆಮುಶಾ’ದಲ್ಲೂ (1980) ವೈದ್ಯನಾಗಿ ಬಂದು ಹೋಗುತ್ತಾರೆ, ಆಗ 75. ತೀರಿಕೊಂಡಿದ್ದು 1985ರ ಡಿಸೆಂಬರ್.

ಶುರುವಿಗೆ ‘ಹಿಡನ್ ಫೋರ್ಟ್ರೆಸ್’. ಇಡೀ ಸಿನಿಮಾ ತುಂಬಾ ಇದ್ದಾರೆ, ಮೊದಲ ಶಾಟೇ ಇವರಿಬ್ಬರ ಬೆನ್ನು. ಪೋಸ್ಟರ್‌ನಲ್ಲಿ ಮಾತ್ರ ಮಿಫುನೆ.

ಹಳೇ ರೀಲು

ಅವರ ಮಾತು ಕೇಳಬೇಡಿ, ಕುದುರೆ ಮುಂಗಾಲಿನಿಂದ ಶುರು ಮಾಡಿ. ಆಮೇಲೆ ‘ಲೋವರ್ ಡೆಪ್ತ್ಸ್’. ಈ ಎರಡನ್ನು ಬೆನ್ನುಬೆನ್ನಿಗೆ ನೋಡಿದರೆ ನಾನು ಯಾಕೆ ಜಗಳ ಆಡುತ್ತಿದ್ದೇನೆ ಅಂತ ಗೊತ್ತಾಗುತ್ತದೆ.

ಕಡಲತೀರದವಳು

ಎರಡೂ ಬೇಡ ಅನ್ನಿಸಿದರೆ ‘ದಿ ಬ್ಯಾಡ್ ಸ್ಲೀಪ್ ವೆಲ್’. ಸರ್ಕಾರಿ ಕೆಲಸದವರಾದರೆ ಭಾನುವಾರ ರಾತ್ರಿ ಮಾತ್ರ ನೋಡಬೇಡಿ.